ಅಳದೆ ಅಳಿಸುವ ಹಿಂದಿ ಹಾಡುಗಳು

ಕೈತಪ್ಪಿದ ಪ್ರೀತಿಯ ಹಿಂದಿ ಹಾಡುಗಳಲ್ಲಿ ಎರಡು ಬಗೆ. ವಿಧಿ, ಲೋಕ, ದೇವರು ಎಲ್ಲರನ್ನೂ ಬೈದು ಅಳುವುದು ಒಂದು. ಇನ್ನೊಂದು, ಹಳೆಯದನ್ನೆಲ್ಲ ಒಂದೊಂದಾಗಿ ಎಣಿಸುತ್ತ ಹೋಗುವುದು. ಹೆಚ್ಚು ಕಾಲ ಬಾಳುವುದು ಎರಡನೆಯದೇ.

1987ರ 'ಇಜಾಜತ್' ಚಿತ್ರದ 'ಮೇರಾ ಕುಛ್ ಸಾಮಾನ್' ತಗೊಳ್ಳಿ. ನಿನ್ನ ಹತ್ತಿರ ಉಳಿದ ನನ್ನ ಸಾಮಾನು ವಾಪಸ್ ಕಳಿಸು ಅಂತ ಒಬ್ಬಳು ಕೇಳುತ್ತಿದ್ದಾಳೆ. ಪಟ್ಟಿಯಲ್ಲಿ ಏನೇನಿದೆ ನೋಡಿ: ಶ್ರಾವಣದ ತೊಯ್ದ ದಿನಗಳು, ಪತ್ರದಲ್ಲಿ ಸುತ್ತಿಟ್ಟ ರಾತ್ರಿ, ಭುಜದ ಮೇಲಿನ ಮಚ್ಚೆ, 116 ಬೆಳದಿಂಗಳ ರಾತ್ರಿಗಳು. ನೂರು ಅಂದಿದ್ದರೆ ಬರೀ ಕವಿಮಾತಾಗುತ್ತಿತ್ತು. 116 ಅಂದಾಗ ಯಾರೋ ಕೂತು ಲೆಕ್ಕ ಇಟ್ಟಿದ್ದಾರೆ! ಒಂದೇ ಕೊಡೆಯಡಿ ಇಬ್ಬರೂ ಅರ್ಧರ್ಧ ನೆನೆದಿದ್ದರಂತೆ. ಒಣಗಿದ್ದನ್ನು ಅವಳು ತಂದಿದ್ದಾಳೆ, ಒದ್ದೆ ಮನಸ್ಸು ಮಾತ್ರ ಅಲ್ಲೇ ಹಾಸಿಗೆ ಪಕ್ಕ ಬಿದ್ದಿರಬೇಕು.

ಹಾಡು ಬರೆದ ಗುಲ್ಜಾರ್ ಇಲ್ಲಿ ಪ್ರಾಸದ ಗೊಡವೆಗೇ ಹೋಗಿಲ್ಲ, ಸಾಲುಗಳ ಉದ್ದವೂ ಒಂದೇ ಅಳತೆಯಲ್ಲ. ಸಂಗೀತ ನಿರ್ದೇಶಕ ಆರ್.ಡಿ. ಬರ್ಮನ್ ಅದನ್ನು ಕತ್ತರಿಸಿ ಸರಿಮಾಡದೆ, ಮಾತು ಹೋದಲ್ಲಿಗೆ ರಾಗವನ್ನು ಕರೆದೊಯ್ದರು. ಗುಲ್ಜಾರ್‌ಗೂ ಹಾಡಿದ ಆಶಾ ಭೋಸ್ಲೆಗೂ ರಾಷ್ಟ್ರಪ್ರಶಸ್ತಿ ಬಂತು. ಕರೋಕೆಯಲ್ಲಿ ಜನ ಎಡವುವುದೂ ಈ ಸಾಲುಗಳ ರೀತಿಯಿಂದಲೇ. ಪ್ರಾಸದ ಆಸರೆ ಇಲ್ಲದ್ದರಿಂದ ಮುಂದಿನ ಸಾಲು ಮರೆತುಹೋಗುತ್ತದೆ, ಉದ್ದ ಸಾಲಿನ ನಡುವೆ ಉಸಿರು ಸಾಲದೆ ಪದ ಮುರಿಯುತ್ತದೆ. ಮೊದಲು ತಾಳ ಬಿಟ್ಟು, ಕಾಗದ ಓದಿದ ಹಾಗೆ ಗಟ್ಟಿಯಾಗಿ ಓದಿ. ಮಾತು ತಾನಾಗಿ ನಿಲ್ಲುವ ಕಡೆ ಪೆನ್ಸಿಲ್ ಗುರುತು ಹಾಕಿ, ಅಲ್ಲಿ ಮಾತ್ರ ಉಸಿರು ತಗೊಳ್ಳಿ. ರಾಗ ಆಮೇಲೆ.

'ಕಾಗಜ್ ಕೆ ಫೂಲ್' (1959) ಚಿತ್ರದ 'ವಕ್ತ್ ನೇ ಕಿಯಾ' ಹಾಡಿನಲ್ಲಿ ಪರದೆಯ ಮೇಲಿನ ಇಬ್ಬರೂ ತುಟಿ ಬಿಚ್ಚುವುದಿಲ್ಲ. ಗೀತಾ ದತ್ ದನಿ ಹಿನ್ನೆಲೆಯಲ್ಲಿ ಬರುತ್ತದೆ. ಖಾಲಿ ಸ್ಟುಡಿಯೋದೊಳಗೆ ಮೇಲಿಂದ ಬೆಳಕಿನ ಕೋಲೊಂದು ಇಳಿಯುತ್ತದೆ. ಛಾಯಾಗ್ರಾಹಕ, ನಮ್ಮ ಮೈಸೂರಿನ ವಿ.ಕೆ. ಮೂರ್ತಿ ಅದಕ್ಕೆ ದೀಪ ಬಳಸಲಿಲ್ಲ, ಹೊರಗಿನ ಬಿಸಿಲನ್ನೇ ದೊಡ್ಡ ಕನ್ನಡಿಗಳಿಂದ ಒಳಗೆ ತಿರುಗಿಸಿದರು. ದೀಪದ ಬೆಳಕು ದೂರ ಹೋದಂತೆ ಹರಡಿಕೊಳ್ಳುತ್ತದೆ. ಬಿಸಿಲಿನ ಕಿರಣಗಳು ಹೆಚ್ಚುಕಡಿಮೆ ಸಮಾನಾಂತರವಾಗಿ ಬರುವುದರಿಂದ ಅಂಚು ಚೊಕ್ಕವಾಗಿ ಉಳಿಯುತ್ತದೆ. ಇದನ್ನು ಹಾಡುವವರು ದನಿಗೆ ಬಿಕ್ಕಳಿಕೆ ಸೇರಿಸಿದರೆ ಮುಗಿಯಿತು. ಕೈಫಿ ಆಜ್ಮಿಯವರ ಸಾಲುಗಳಲ್ಲಿ ದೂರು ಎಷ್ಟು ಮೆತ್ತಗಿದೆಯೋ ದನಿಯೂ ಅಷ್ಟೇ ಮೆತ್ತಗಿರಬೇಕು.

ಇನ್ನು 'ಮೌಸಮ್' (1975) ಚಿತ್ರದ 'ದಿಲ್ ಢೂಂಢ್ತಾ ಹೈ'. ಉರ್ದು ಕವಿ ಗಾಲಿಬ್‌ನ ಸಾಲು ಹಿಡಿದು ಗುಲ್ಜಾರ್ ಬೆಳೆಸಿದ್ದು, ಸಂಗೀತ ಮದನ್ ಮೋಹನ್‌ರದು. ಚಳಿಗಾಲದ ಎಳೆಬಿಸಿಲು, ಬೇಸಿಗೆ ರಾತ್ರಿಯ ಮಾಳಿಗೆ, ಹಿಮದ ಬೆಟ್ಟ: ಹುಡುಕುತ್ತಿರುವುದು ಬರೀ ಹುಡುಗಿಯನ್ನಲ್ಲ, ಬಿಡುವನ್ನು. ಭೂಪಿಂದರ್ ಒಬ್ಬರೇ ಹಾಡಿದ್ದು ನಿಧಾನ, ಲತಾ ಜೊತೆಗಿನ ಯುಗಳಗೀತೆ ಚುರುಕು. ಎರಡನ್ನೂ ಬೆನ್ನುಬೆನ್ನಿಗೆ ಕೇಳುವುದಾದರೆ ಯುಗಳಗೀತೆಯನ್ನು ಮೊದಲು ಹಾಕಿ. ನಿಧಾನದ್ದರಲ್ಲಿ ಲತಾ ದನಿ ಇಲ್ಲದಿರುವುದು ಆಗಲೇ ಕಿವಿಗೆ ಬೀಳುವುದು.