ಅಪ್ಪನ ಟೈಲರ್ ಅಂಗಡಿ ಕೇಸು

ಕೇಸು ಮುಗೀತು, ಸೋತ್ವಿ. ಎಂತ ಆಯ್ತು ಎಂತ ಆಯ್ತು ಅಂತ ದಿನಾ ಫೋನು, ಒಬ್ಬೊಬ್ರಿಗೆ ಹೇಳಿ ಸಾಕಾಯ್ತು, ಅದಕ್ಕೆ ಇಲ್ಲೇ ಬರೀತಿದ್ದೇನೆ.

ಕಾಸರಗೋಡು ಪೇಟೆಯಲ್ಲಿ ಅಪ್ಪಂದು ಬಾಡಿಗೆ ರೂಮು. ಒಂದು ಹೊಲಿಗೆ ಮೆಷಿನ್, ಕಟಿಂಗ್ ಟೇಬಲ್, ಬಟನ್ ತುಂಬಿಸಿಟ್ಟ ಹಾರ್ಲಿಕ್ಸ್ ಬಾಟ್ಲಿ, 31 ವರ್ಷ ಅದರೊಳಗೇ. ಓನರ್ ಮಗ ಗಲ್ಫಲ್ಲಿ ಕೆಲಸ ಹೋಗಿ ಊರಿಗೆ ಬಂದ, ಮೊಬೈಲ್ ಅಂಗಡಿ ಹಾಕ್ಲಿಕ್ಕುಂಟು ರೂಮು ಬಿಟ್ಕೊಡಿ ಅಂತ ವಕೀಲರ ನೋಟೀಸು ಬಂತು. ಅವನನ್ನು ನಾನು ಬೈಯುದಿಲ್ಲ, ಅವನಿಗೂ ಹೊಟ್ಟೆಪಾಡು ಆಗ್ಬೇಕಲ್ಲ.

ಕೇರಳದಲ್ಲಿ ಇದಕ್ಕೆ 1965ರ ಬಾಡಿಗೆ ನಿಯಂತ್ರಣ ಕಾನೂನು ಉಂಟು. ಅದ್ರ 11(3)ನೇ ಸೆಕ್ಷನ್ನಲ್ಲಿ ಓನರಿಗೋ ಅವ್ರನ್ನು ನಂಬಿಕೊಂಡಿರುವ ಮನೆಯವ್ರಿಗೋ ನಿಜವಾಗಿ ಬೇಕಾದ್ರೆ ಖಾಲಿ ಮಾಡಿಸ್ಬಹುದು. ಆದ್ರೆ ಅದೇ ಸೆಕ್ಷನ್ನಿನ ಬಾಲದಲ್ಲಿ ನಮ್ಮಂಥವ್ರಿಗೂ ಒಂದು ಹಿಡಿ ಇಟ್ಟಿದ್ದಾರೆ, ಬಾಡಿಗೆದಾರನ ಜೀವನ ಮುಖ್ಯವಾಗಿ ಆ ಕಟ್ಟಡದ ವ್ಯಾಪಾರದಿಂದ್ಲೇ ನಡೀತಿರ್ಬೇಕು, ಆಸುಪಾಸಲ್ಲಿ ಬೇರೆ ಸರಿಯಾದ ಜಾಗ ಸಿಗ್ಬಾರ್ದು. ಖಾಲಿ ಮಾಡದೆ ಉಳೀಲಿಕ್ಕೆ ಎರಡೂ ಆಗ್ಬೇಕು, ಎರಡನ್ನೂ ಸಾಬೀತು ಮಾಡ್ಬೇಕಾದ್ದು ನಾವೇ.

ವಕೀಲ್ರು ಲೆಕ್ಕ ಪುಸ್ತಕ ತನ್ನಿ ಅಂದ್ರು. ಅಪ್ಪನ ಹತ್ರ ಎಲ್ಲಿಂದ ಬರ್ಬೇಕು? ಇದ್ದದ್ದು ಅಳತೆ ಪುಸ್ತಕ. ಉದ್ದದ ನೋಟ್‌ಬುಕ್ಕು, ಪ್ರತಿ ಪುಟದಲ್ಲಿ ಕನ್ನಡದಲ್ಲಿ ಎದೆ 38, ತೋಳು 23, ಸೊಂಟ 34, ಪಕ್ಕದಲ್ಲಿ ಬಟ್ಟೆಯ ತುಂಡು ಪಿನ್ ಮಾಡಿದ್ದು, ಅಡ್ವಾನ್ಸ್ ಎಷ್ಟು ಅಂತ ಮೂಲೆಯಲ್ಲಿ ಪೆನ್ಸಿಲಲ್ಲಿ. ಅದನ್ನೇ ಕೊಟ್ವಿ, ನಮ್ಮ ಕಡೆಯ ಒಂದನೇ ದಾಖಲೆ, ಎಕ್ಸಿಬಿಟ್ ಬಿ-1 ಅಂತ ಮಾರ್ಕ್ ಮಾಡಿದ್ರು.

ಕ್ರಾಸ್ ದಿನ, ಅಂದ್ರೆ ಆಚೆ ವಕೀಲ್ರು ಅಪ್ಪನನ್ನು ಪ್ರಶ್ನೆ ಕೇಳುವ ದಿನ, ನಾನೂ ರಜೆ ಹಾಕಿ ಬೆಂಗ್ಳೂರಿಂದ ಬಂದಿದ್ದೆ, ಅಪ್ಪ ತಾನೇ ಹೊಲಿದ ಹೊಸ ಶರ್ಟ್ ಹಾಕಿಕೊಂಡು ಕಟಕಟೆಯಲ್ಲಿ ನಿಂತಿದ್ರು. ಆಚೆ ವಕೀಲ್ರು ತುಂಬ ಪ್ರೀತಿಯಿಂದ ಮಗ ಎಂತ ಮಾಡ್ತಾನೆ ಕೇಳಿದ್ರು. ಬೆಂಗ್ಳೂರಲ್ಲಿ ಕಂಪ್ಯೂಟರ್ ಕೆಲಸ ಅಂದ್ರು ಅಪ್ಪ. ನಿಮ್ಮನ್ನು ನೋಡಿಕೊಳ್ತಾನಾ? "ಅವನು ಪ್ರತಿ ತಿಂಗಳೂ ಕಳಿಸ್ತಾನೆ, ಎಂಟು ಸಾವಿರ, ಒಂದು ತಿಂಗಳೂ ತಪ್ಪಿಸಿದವನಲ್ಲ!" ನಮ್ಮ ವಕೀಲ್ರು ತಲೆ ತಗ್ಗಿಸಿದ್ದು ನಾನು ನೋಡಿದೆ. ಅಪ್ಪನಿಗೆ ಅರ್ಥ ಆಗ್ಲಿಲ್ಲ, ಹೊರಗೆ ಬಂದು ಸರಿಯಾಗಿ ಹೇಳಿದೆನಲ್ಲ ಅಂತ ನನ್ನನ್ನೇ ಕೇಳಿದ್ರು. ಹೌದು ಅಪ್ಪ ಅಂದೆ, ಇನ್ನೆಂತ ಹೇಳುದು ಮಾರಾಯ್ರೇ.

ಮುನ್ಸಿಫ್ ಕೋರ್ಟಲ್ಲಿ ಸೋತ ಮೇಲೆ ಅಪ್ಪೀಲಿಗೆ 30 ದಿನ. ಇದೊಂದು ಎಲ್ರೂ ನೆನಪಿಟ್ಕೊಳ್ಳಿ, ಒಪ್ಪಿಕೊಂಡ ಬಾಡಿಗೆ ಬಾಕಿ ಕಟ್ಟದೆ ಅಪ್ಪೀಲು ನಡೆಸ್ಲಿಕ್ಕೆ ಬಿಡುದಿಲ್ಲ, 12ನೇ ಸೆಕ್ಷನ್. ನೋಟೀಸು ಕೊಟ್ಟ ಮೇಲೆ ಓನರ್ ಬಾಡಿಗೆ ತಗೊಳ್ಳುದನ್ನೇ ನಿಲ್ಸಿದ್ರು, ಬೇಡ ಅಂದವ್ರಿಗೆ ಯಾಕೆ ಕೊಡುದು ಅಂತ ನಾವೂ ಸುಮ್ನಿದ್ವಿ, ಒಟ್ಟಿಗೆ ಕಟ್ಟುವಾಗ ಜೀವ ಹೋಯ್ತು.

ವಿದ್ಯಾನಗರದ ಜಿಲ್ಲಾ ಕೋರ್ಟಲ್ಲಿ ಸ್ಟೇ ಸಿಕ್ಕಿ ಅಪ್ಪೀಲು ನಡೀತು. ಅಲ್ಲಿ ಹೊಸದಾಗಿ ಸಾಕ್ಷಿ ಎಂತದೂ ಇಲ್ಲ, ಕೆಳಗಿನ ಕೋರ್ಟಿನ ಕಾಗದಗಳನ್ನೇ ಪುನಃ ಓದಿದ್ರು, ಜೀವನಕ್ಕೆ ಅಂಗಡಿಯೇ ಗತಿ ಅಲ್ಲ ಅನ್ಲಿಕ್ಕೆ ಆ ಎಂಟು ಸಾವಿರವೂ ಪುನಃ ಬಂತು. ಪೇಟೆಯಲ್ಲಿ ಎಷ್ಟು ರೂಮು ಖಾಲಿ ಉಂಟು ಅಂತ ನೋಡ್ಲಿಕ್ಕೆ ಕೋರ್ಟು ಕಳಿಸಿದ ಕಮಿಷನರ್ ಕೊಟ್ಟ ರಿಪೋರ್ಟೂ ಇತ್ತು. ಖಾಲಿ ಇತ್ತು ನಿಜ, ಹೊಸ ಕಾಂಪ್ಲೆಕ್ಸಲ್ಲಿ, ಅಡ್ವಾನ್ಸ್ ಮೂರು ಲಕ್ಷ. ಪ್ಯಾಂಟಿಗೆ ಜಿಪ್ ಹಾಕಿ ಅಷ್ಟು ದುಡೀಲಿಕ್ಕೆ ಯಾವ ಜನ್ಮಕ್ಕೆ ಆಗ್ತದೆ? ಬಾಡಿಗೆ ಜಾಸ್ತಿ ಅನ್ನುದು ಜಾಗ ಸಿಗ್ಲಿಲ್ಲ ಅಂದ ಹಾಗಲ್ಲ ಅಂತ ತೀರ್ಪು.

ತೀರ್ಪು ಪುನಃ ನೋಡಿ ಅಂತ ಹೈಕೋರ್ಟಿಗೆ ರಿವಿಜನ್ ಅರ್ಜಿ ಹಾಕ್ಬಹುದಿತ್ತು, ಎರ್ನಾಕುಳಂ ಓಡಾಟ ಬೇಡ ಅಂದ್ರು ಅಪ್ಪ. ಖಾಲಿ ಮಾಡ್ತೇವೆ ಅಂತ ಅಫಿಡವಿಟ್ ಬರೆದುಕೊಟ್ಟು ಆರು ತಿಂಗಳು ಟೈಮ್ ತಗೊಂಡ್ವಿ, ಅದೂ ಹೋದ ವಾರ ಮುಗೀತು.

ಮೆಷಿನ್ ಈಗ ಮನೆ ಜಗಲಿಯಲ್ಲುಂಟು. ಅಳತೆ ಪುಸ್ತಕ ಕೋರ್ಟಲ್ಲೇ ಬಾಕಿ, ವಾಪಾಸು ತಗೊಳ್ಳಿಕ್ಕೆ ಬೇರೆ ಅರ್ಜಿ ಹಾಕ್ಬೇಕಂತೆ. ನಿನ್ನೆ ಹಳೇ ಗಿರಾಕಿ ಒಬ್ರು ಹುಡುಕಿಕೊಂಡು ಬಂದ್ರು, ನನ್ನ ಅಳತೆ ಉಂಟಲ್ಲ ಅಂದ್ರು. ಅಪ್ಪ ಟೇಪ್ ಕುತ್ತಿಗೆಯಿಂದ ತೆಗೆದು, ಕೈ ಎತ್ತಿ ಒಮ್ಮೆ ಅಂದ್ರು.