ತೆರೆಯ ಮೇಲೆ ಮಳೆ ಬಂದರೆ ರಾಸ್ಪ್ ಬಂದ ಅಂತ ಅರ್ಥ

ಜರ್ಮನ್ ನಟ ಫ್ರಿಟ್ಸ್ ರಾಸ್ಪ್ ನಟಿಸಿದ ಸಿನಿಮಾಗಳನ್ನು ಸಿಕ್ಕಷ್ಟೂ ನೋಡಬೇಕು ಅಂತ ಹೊರಟು ಮೂರು ತಿಂಗಳಾಯಿತು. ಇವತ್ತಿಗೆ ಆರು ಮುಗಿದಿವೆ. ಈತ ಹೀರೋ ಅಲ್ಲ. ಹೆಚ್ಚಾಗಿ ಯಾರದೋ ಕೈಯಾಳು, ಕಳ್ಳ, ಗೂಢಚಾರ. 1891ರಲ್ಲಿ ಬೈರಾಯ್ಟ್‌ನಲ್ಲಿ ಹುಟ್ಟಿ, ಮೂಕಿ ಕಾಲದಿಂದ 1975ರವರೆಗೂ ತೆರೆಯ ಮೇಲಿದ್ದ.

ಈ ವಾರ ಫ್ರಿಟ್ಸ್ ಲಾಂಗ್‌ನ ಮೂಕಿ ಸಿನಿಮಾ ‘ಮೆಟ್ರೊಪೊಲಿಸ್’ ಮತ್ತೆ ನೋಡಿದೆ. ಹಿಂದೆ ನೋಡಿದ್ದು ಕತ್ತರಿ ಬಿದ್ದ ಪ್ರತಿ. ಅದರಲ್ಲಿ ರಾಸ್ಪ್ ಬಂದ, ಹೋದ, ಅಷ್ಟೇ. 1927ರಲ್ಲಿ ಬಿಡುಗಡೆಯಾದ ಮೇಲೆ ಸಿನಿಮಾವನ್ನು ಮೊಟಕು ಮಾಡಿದಾಗ ಅವನ ಪಾತ್ರಕ್ಕೇ ಜಾಸ್ತಿ ಏಟು ಬಿತ್ತು. 2008ರಲ್ಲಿ ಬ್ಯೂನಸ್ ಐರಿಸ್‌ನ ಸಿನಿಮಾ ಮ್ಯೂಸಿಯಂನಲ್ಲಿ ಅದರ ಒಂದು 16 ಎಂಎಂ ಫಿಲ್ಮ್ ಪ್ರತಿ ಸಿಕ್ಕಿತು. 2010ರ ಹೊಸ ಪ್ರತಿಗೆ ಸುಮಾರು 25 ನಿಮಿಷ ವಾಪಸ್ ಬಂತು. ಆದರೆ ಆ ತುಣುಕುಗಳ ತುಂಬ ಗೀರು, ಜಡಿಮಳೆ ಸುರಿದ ಹಾಗೆ. ನನಗೆ ಅದೇ ಅನುಕೂಲವಾಯಿತು. ಮಳೆ ಶುರುವಾದರೆ ಸಾಕು, ರಾಸ್ಪ್ ಬಂದ ಅಂತ ಪೆನ್ನು ಕೈಗೆತ್ತಿಕೊಳ್ಳುತ್ತಿದ್ದೆ.

ಪಾತ್ರಕ್ಕೆ ಹೆಸರೂ ಇಲ್ಲ, ‘ತೆಳ್ಳಗಿನವನು’ ಅಷ್ಟೇ. ಕೆಲಸ, ನಗರದ ಯಜಮಾನನ ಮಗನ ಬೆನ್ನು ಹತ್ತುವುದು. ಆ ಮಗನಿಗೆ ನೆರವಾಗುವ ಯೋಸಫಾಟ್‌ನ ಮನೆಗೆ ಬಂದಾಗ ಮೊದಲು ದುಡ್ಡಿನ ಆಸೆ ತೋರಿಸುತ್ತಾನೆ, ಆಮೇಲೆ ಬೆದರಿಕೆ. ಮುಖ ಮಾತ್ರ ಹೆಚ್ಚೇನೂ ಬದಲಾಗುವುದಿಲ್ಲ. ಆ ಭಾಗವನ್ನು ನಾಲ್ಕು ಸಲ ಹಿಂದಕ್ಕೆ ಓಡಿಸಿ ನೋಡಿದೆ. ಕಣ್ಣರೆಪ್ಪೆ ಒಂದಿಷ್ಟು ಇಳಿಯುತ್ತದೆ, ಅಷ್ಟಕ್ಕೇ ಮೈ ಜುಮ್ಮೆನ್ನುತ್ತದೆ.

‘ಎಮಿಲ್ ಮತ್ತು ಪತ್ತೇದಾರರು’ (1931) ಹೋದ ತಿಂಗಳೇ ನೋಡಿದ್ದೆ, ಬರೆದಿರಲಿಲ್ಲ. ಸಿಕ್ಕ ಪ್ರತಿಗೆ ಸಬ್‌ಟೈಟಲ್ ಇರಲಿಲ್ಲ, ನನ್ನ ಜರ್ಮನ್ ‘ನಮಸ್ಕಾರ, ಊಟ ಆಯ್ತಾ’ ಮಟ್ಟದ್ದು. ಏನೂ ತೊಂದರೆಯಾಗಲಿಲ್ಲ. ರೈಲಿನಲ್ಲಿ ಹುಡುಗನಿಗೆ ಅಮಲು ಬರಿಸುವ ಮಿಠಾಯಿ ಕೊಟ್ಟು ದುಡ್ಡು ಕದಿಯುವ ಗ್ರುಂಡೈಸ್ ಇವನೇ. ಗುಂಡು ಟೋಪಿ, ಹಲ್ಲು ಕಿಸಿದ ನಗು. ಆಮೇಲೆ ಬರ್ಲಿನ್‌ನ ಮಕ್ಕಳ ದಂಡೇ ಹಿಂದೆ ಬಿದ್ದಾಗ ಅದೇ ನಗು ಪೆಚ್ಚಾಗುತ್ತದೆ ನೋಡಿ, ಪಾಪ ಅನ್ನಿಸಿಬಿಡುತ್ತದೆ. ಕಳ್ಳನ ಮೇಲೆ ಕನಿಕರ ಪಡುವುದು ಸರಿಯಲ್ಲ ಅಲ್ವಾ? ಆದರೂ.

ಅದೇ ವರ್ಷ ನಿರ್ದೇಶಕ ಪಾಬ್ಸ್ಟ್‌ನ ‘ತ್ರೀಪೆನ್ನಿ ಒಪೆರಾ’ದಲ್ಲಿ ಭಿಕ್ಷುಕರ ಒಡೆಯ ಪೀಚಮ್ ಕೂಡ ಇವನೇ. ಅದನ್ನು ಅರ್ಧಕ್ಕೆ ನಿಲ್ಲಿಸಿದ್ದೇನೆ. ಸುಮ್ನೆ ನಿದ್ದೆ ಬಂತು, ತಪ್ಪು ಸಿನಿಮಾದ್ದಲ್ಲ.

ಮುಂದೆ ಷರ್ಲಾಕ್ ಹೋಮ್ಸ್ ಕಥೆ ‘ಬಾಸ್ಕರ್‌ವಿಲ್‌ನ ನಾಯಿ’, ಎರಡು ಸಲ. 1929ರಲ್ಲಿ ರಾಸ್ಪ್ ಖಳನಾಯಕ ಸ್ಟೇಪಲ್‌ಟನ್, 1937ರಲ್ಲಿ ಅದೇ ಕಥೆಯಲ್ಲಿ ಮನೆಯಾಳು ಬ್ಯಾರಿಮೋರ್. ಒಂದರ ಹಿಂದೆ ಒಂದು ನೋಡಬೇಕು, ಭಾನುವಾರ ಮನೆಯಲ್ಲಿ ಯಾರೂ ಇಲ್ಲದಾಗ.