ಹಳೆ ಕಾರು ರಿಪೇರಿ: ಈ ಸಲ ಪಿಸಿವಿ ವಾಲ್ವ್

ಟ್ಯಾಪೆಟ್ ಕವರ್‌ಗೆ (ಇಂಜಿನ್ ಮೇಲಿನ ಮುಚ್ಚಳ) ಹೊಸ ಗ್ಯಾಸ್ಕೆಟ್ ಹಾಕಿದ ಮೇಲೂ ಆಯಿಲ್ ಒಸರುವುದು ನಿಲ್ಲಲಿಲ್ಲ. ಆಯಿಲ್ ಮುಚ್ಚಳದ ಒಳಗಡೆ ಮಜ್ಜಿಗೆ ಬಣ್ಣದ ಲೋಳೆ ಬೇರೆ. ತೀರ್ಥಹಳ್ಳಿಯಲ್ಲಿ ಮೆಕ್ಯಾನಿಕ್‌ಗೆ ತೋರಿಸಿದರೆ "ಹೆಡ್ ಗ್ಯಾಸ್ಕೆಟ್ ಹೋಗಿದೆ, ಹೆಡ್ ಬಿಚ್ಚಬೇಕು" ಎಂದರು. ಆದರೆ ಅದು ಹೋದರೆ ಸಾಮಾನ್ಯವಾಗಿ ಕೂಲೆಂಟ್ ಇಳಿಯಬೇಕು, ಗಾಡಿ ಹೀಟ್ ಆಗಬೇಕು. ಇಲ್ಲಿ ಎರಡೂ ಇಲ್ಲ, ನಾನು ಒಪ್ಪಲಿಲ್ಲ.

ಮಲೆನಾಡಿನ ಮಳೆಯಲ್ಲಿ ಬರೀ ಮನೆಯಿಂದ ಪೇಟೆಗೆ ಓಡಿಸಿದರೆ ಇಂಜಿನ್ ಸರಿಯಾಗಿ ಬಿಸಿಯೇ ಆಗುವುದಿಲ್ಲ. ಒಳಗಿನ ಆವಿ ನೀರಾಗಿ ಆಯಿಲ್ ಜೊತೆ ಸೇರಿ ಹೀಗೆ ಲೋಳೆ ಕಟ್ಟುತ್ತದೆ. ಆ ಆವಿಯನ್ನೂ ಪಿಸ್ಟನ್ ರಿಂಗ್ ದಾಟಿ ಕೆಳಗೆ ನುಸುಳುವ ಗ್ಯಾಸನ್ನೂ ಇನ್‌ಟೇಕ್‌ಗೆ (ಇಂಜಿನ್ ಗಾಳಿ ಎಳೆದುಕೊಳ್ಳುವ ದಾರಿ) ಎಳೆದು ಸುಡಿಸುವುದೇ ಪಿಸಿವಿ ವಾಲ್ವ್ ಕೆಲಸ. ಅದು ಮುಚ್ಚಿಕೊಂಡರೆ ಒಳಗೆ ಒತ್ತಡ ಏರಿ, ಆಯಿಲ್ ಎಲ್ಲಿ ಸಂದಿ ಸಿಕ್ಕರೆ ಅಲ್ಲಿಂದ ಹೊರಗೆ ಬರುತ್ತದೆ, ಏರ್ ಫಿಲ್ಟರ್ ಕೂಡ ಜಿಡ್ಡಾಗಬಹುದು. ತೆರೆದೇ ಉಳಿದರೆ ಕಥೆಯೇ ಬೇರೆ: ಐಡ್ಲಿಂಗ್ ಏರುಪೇರು, ಚೆಕ್ ಇಂಜಿನ್ ಲೈಟ್, ಆಯಿಲ್ ಸುಮ್ನೆ ಖಾಲಿ. ಆಗುಂಬೆ ಘಾಟಿಯಲ್ಲಿ ಗೇರಿನಲ್ಲೇ ಇಳಿಯುವಾಗ ಇನ್‌ಟೇಕ್ ಸೆಳೆತ ಜಾಸ್ತಿ, ಆಯಿಲನ್ನೂ ಎಳೆದುಕೊಳ್ಳುತ್ತದೆ, ಕೆಳಗೆ ಸೋಮೇಶ್ವರದಲ್ಲಿ ಆಕ್ಸಿಲರೇಟರ್ ಒತ್ತಿದರೆ ನೀಲಿ ಹೊಗೆ. ಆದರೆ ನೀಲಿ ಹೊಗೆಗೆ ಸವೆದ ಪಿಸ್ಟನ್ ರಿಂಗ್, ಇಂಜಿನ್ ವಾಲ್ವ್‌ಗಳ ಸೀಲ್ ಕೂಡ ಕಾರಣ ಇರಬಹುದು.

ನಮ್ಮದರಲ್ಲಿ ಹೊಗೆ ಇಲ್ಲ, ಒಸರುವುದು ಮಾತ್ರ. ಹಾಗಾಗಿ ಮುಚ್ಚಿಕೊಂಡಿದೆ ಅಂತಲೇ ಅನುಮಾನ. ಐಡ್ಲಿಂಗ್‌ನಲ್ಲಿ ಆಯಿಲ್ ಮುಚ್ಚಳ ತೆಗೆದು ಆ ಬಾಯಿಗೆ ತೆಳು ಪ್ಲಾಸ್ಟಿಕ್ ಇಟ್ಟೆ. ಮೆಲ್ಲಗೆ ಒಳಗೆ ಎಳೆಯಬೇಕಿತ್ತು, ಉಬ್ಬಿ ಮೇಲೆದ್ದಿತು. ಆಮೇಲೆ ಕವರ್‌ನಿಂದ ವಾಲ್ವ್ ಕಿತ್ತು, ಪೈಪಿನಲ್ಲೇ ಬಿಟ್ಟು ವಾಲ್ವ್ ಬಾಯಿಗೆ ಬೆರಳಿಟ್ಟೆ. ಸೆಳೆತವೇ ಇಲ್ಲ. ವಾಲ್ವ್ ಬಿಚ್ಚಿ ಬರೀ ಪೈಪಿಗೆ ಬೆರಳಿಟ್ಟರೆ ಗಟ್ಟಿಯಾಗಿ ಹಿಡಿಯಿತು. ಅಂದರೆ ಪೈಪ್ ಸರಿ ಇದೆ, ಕಟ್ಟಿರುವುದು ವಾಲ್ವ್, ಅಲ್ವಾ? ಸರಿ ಇರುವ ವಾಲ್ವ್ ಅಲ್ಲಾಡಿಸಿದರೆ ಟಕಟಕ ಅನ್ನಬೇಕು, ಇದು ತುಟಿ ಬಿಚ್ಚಲಿಲ್ಲ. (ಟಕಟಕ ಅಂದಿದ್ದರೂ ನಾನು ಪೂರ್ತಿ ನಂಬುತ್ತಿರಲಿಲ್ಲ. ಬೆರಳ ಪರೀಕ್ಷೆಯೇ ವಾಸಿ.)

ತೊಳೆದು ಹಾಕಬಹುದಿತ್ತು, ಆದರೆ ಇಷ್ಟು ಅಗ್ಗದ ಸಾಮಾನಿಗೆ ಯಾಕೆ ಜಿಪುಣತನ! ಶಿವಮೊಗ್ಗದಿಂದ ಹೊಸ ವಾಲ್ವ್, ಅದು ಕೂರುವ ರಬ್ಬರ್ ಗ್ರಾಮೆಟ್ ತಂದು ಹಾಕಿದೆ, ಆಯಿಲೂ ಬದಲಿಸಿದೆ. ಈಗ ಪ್ಲಾಸ್ಟಿಕ್ ಒಳಗೆ ಎಳೆಯುತ್ತಿದೆ. ಟ್ಯಾಪೆಟ್ ಕವರ್ ಒರೆಸಿ ಬಿಟ್ಟಿದ್ದೇನೆ, ಸದ್ಯಕ್ಕೆ ಒಣಗಿದೆ. ಗೇರ್‌ಬಾಕ್ಸ್ ಹತ್ತಿರ ಮಾತ್ರ ಇನ್ನೂ ಜಿಡ್ಡು ಇದೆ, ಒತ್ತಡಕ್ಕೆ ಅಲ್ಲಿನ ಕ್ರ್ಯಾಂಕ್ ಸೀಲೂ (ಕ್ರ್ಯಾಂಕ್‌ಶಾಫ್ಟ್ ಸುತ್ತ ಆಯಿಲ್ ತಡೆಯುವ ಸೀಲ್) ಹೋಗಿದೆಯಾ ಅಂತ ಮುಂದೆ ಕಾರಿನ ಅಡಿ ನುಗ್ಗಿ ನೋಡಬೇಕು.